ಗಳಿಗೆಯ ಬಟ್ಟಲೂ ವ್ರತಿಯ ಸತ್ಯವೂ

ಕಾಲವನ್ನು ಕಡೆದು ರೂಪಿಸುವ, ಕೆಡದಂತೆ ಕಾಯುವ ಕುಶಲಿಗಳ ಶ್ರೇಣಿಯೊಂದಿತ್ತೆಂದು ಯಾರಾದರೂ ಕಥೆ ಕಟ್ಟಿದರೆ ಮಕ್ಕಳು ನಂಬಿಯಾರು. ಆಗಮವನ್ನು ಓದಿದವರು ನಂಬಲಾರರು. ಕಾಲವು ದ್ರವ್ಯ. ಕಾಲಾಣುಗಳು ಒಂದರೊಡನೊಂದು ಬೆರೆಯದೆ, ಲೋಕಾಕಾಶದ ಪ್ರದೇಶಕ್ಕೊಂದರಂತೆ ನೆಲೆಸಿವೆ. ಅವನ್ನು ಮಾಡಿದವನಿಲ್ಲ, ಕಾಯುವವನೂ ಬೇಕಿಲ್ಲ. ಅನ್ಯ ದ್ರವ್ಯಗಳ ವರ್ತನೆಗೆ ನಿಮಿತ್ತವಾಗುವುದಷ್ಟೇ ಅದರ ಉಪಕಾರ.

ಆದರೆ ಇದು ನಿಶ್ಚಯ ಕಾಲದ ಮಾತು. ಶ್ರಾವಕನು ಬದುಕುವುದು, ವ್ರತ ಹಿಡಿಯುವುದು, ಪಾರಣೆ ಮಾಡುವುದು ವ್ಯವಹಾರ ಕಾಲದಲ್ಲಿ. ಅದಕ್ಕೆ ಅಳತೆ ಬೇಕು, ಅಳೆಯುವವನೂ ಬೇಕು. ನೃಪತುಂಗನ ಕಾಲದಲ್ಲಿ ಬಾಳಿದ ಮಹಾವೀರಾಚಾರ್ಯರು ತಮ್ಮ ಗಣಿತಸಾರಸಂಗ್ರಹದಲ್ಲಿ ಕ್ಷೇತ್ರ-ಧಾನ್ಯಗಳ ಅಳತೆಗಳೊಂದಿಗೆ ಕಾಲದ ಅಳತೆಯನ್ನೂ ಕೊಟ್ಟಿದ್ದಾರೆ. ಏಳು ಉಚ್ಛ್ವಾಸಕ್ಕೆ ಒಂದು ಸ್ತೋಕ, ಏಳು ಸ್ತೋಕಕ್ಕೆ ಒಂದು ಲವ, ಮೂವತ್ತೆಂಟೂವರೆ ಲವಕ್ಕೆ ಒಂದು ಗಳಿಗೆ, ಎರಡು ಗಳಿಗೆಗೆ ಒಂದು ಮುಹೂರ್ತ. ಗುಣಿಸಿ ನೋಡಿದರೆ ಮುಹೂರ್ತಕ್ಕೆ 3773 ಉಚ್ಛ್ವಾಸಗಳಾಗುತ್ತವೆ. ಎಂದರೆ ಈಗಿನ ಒಂದು ನಿಮಿಷಕ್ಕೆ ಸುಮಾರು 79. ಇದು ನಮ್ಮ ಉಸಿರಾಟಕ್ಕಿಂತ ನಾಡಿಯ ಬಡಿತಕ್ಕೆ ಹತ್ತಿರವಾದ ಎಣಿಕೆಯೆಂಬುದು ವಿಚಾರವಂತರು ಗಮನಿಸತಕ್ಕ ಸಂಗತಿ.

ನಾಡಿ ಹಿಡಿದು ಕುಳಿತು ದಿನವನ್ನು ಎಣಿಸಲಾಗದು. ಅದಕ್ಕೆಂದೇ ಗಳಿಗೆ ಬಟ್ಟಲು ಹುಟ್ಟಿತು. ತಳದಲ್ಲಿ ಸಣ್ಣ ರಂಧ್ರವುಳ್ಳ ತಾಮ್ರದ ಬಟ್ಟಲನ್ನು ನೀರಿನ ಮೇಲೆ ತೇಲಬಿಟ್ಟರೆ ಅದು ತುಂಬಿ ಮುಳುಗುವುದಕ್ಕೆ ಒಂದು ಗಳಿಗೆ, ಅಂದರೆ 24 ನಿಮಿಷ. ಹಗಲಿರುಳಿನಲ್ಲಿ ಅರವತ್ತು ಸಲ ಮುಳುಗಬೇಕು. ಹೆಚ್ಚಾಗಲಿ ಕಡಿಮೆಯಾಗಲಿ ಮುಳುಗಿದರೆ ರಂಧ್ರದಲ್ಲಿ ದೋಷವಿದೆಯೆಂದು ಅರ್ಥ. ನೀರು ನಿರ್ಮಲವಾಗಿರಬೇಕೆಂದು ಸೂರ್ಯಸಿದ್ಧಾಂತವೂ ಹೇಳುತ್ತದೆ. ಜೀವದಯೆಗಾಗಿ ನೀರು ಗಾಳಿಸುವ ಮನೆಯಲ್ಲಿ ಬಟ್ಟಲಿನ ಕಣ್ಣೂ ಕಟ್ಟಿಕೊಳ್ಳುತ್ತಿರಲಿಲ್ಲವೆಂದು ಬೇರೆ ಹೇಳಬೇಕಾಗಿಲ್ಲ.

ಆ ಬಟ್ಟಲನ್ನು ಬಡಿದು ರಂಧ್ರ ತೆಗೆದ ಕಂಚುಗಾರ, ಅದು ಮುಳುಗಿದೊಡನೆ ಎತ್ತಿ ಮತ್ತೆ ತೇಲಿಬಿಟ್ಟ ಕಾವಲುಗಾರ, ಜಾಗಟೆ ಬಾರಿಸಿದವನು, ತಿಥಿ ಗಣಿಸಿದ ಪಂಚಾಂಗಿ ಇವರೆಲ್ಲ ಕಥೆಯ ಶ್ರೇಣಿಯಲ್ಲ, ನಿಜವಾದ ಶ್ರೇಣಿಯೇ. ಗದಗ ತಾಲ್ಲೂಕಿನ ಮುಳಗುಂದದಲ್ಲಿ ಚಿಕಾರ್ಯನು ಕಟ್ಟಿಸಿದ ಬಸದಿಗೆ ಶಕ 824ರ ದತ್ತಿಯಿತ್ತೆಂದು ಇಂದು ತಿಳಿಯುವುದು ಕಲ್ಲಿನಲ್ಲಿ ವರ್ಷವನ್ನು ಕೊರೆದವನ ಉಳಿಯಿಂದ. ಅವನನ್ನೂ ಈ ಸಾಲಿನಲ್ಲಿ ಸೇರಿಸಬೇಕು.

ಇಲ್ಲಿ ಧರ್ಮದ ಪ್ರಶ್ನೆಯೊಂದು ಏಳುತ್ತದೆ. ಬಟ್ಟಲಿನ ರಂಧ್ರ ಸವೆದು ದೊಡ್ಡದಾಗಿ, ಗಳಿಗೆ ಕಿರಿದಾಯಿತೆನ್ನಿ. ಅದನ್ನು ನಂಬಿ ಎರಡು ಗಳಿಗೆ ಸಾಮಾಯಿಕ ಮಾಡಿದವನದು ನಿಜವಾಗಿ ಎರಡು ಗಳಿಗೆಯಾಗಲಿಲ್ಲ. ದೋಷ ಯಾರದು? ಅಚೌರ್ಯ ವ್ರತದ ಅತಿಚಾರಗಳಲ್ಲಿ ಹೀನಾಧಿಕ ಮಾನೋನ್ಮಾನವೂ ಒಂದು. ಕೊಳ್ಳುವಾಗ ದೊಡ್ಡ ಸೇರು, ಕೊಡುವಾಗ ಸಣ್ಣ ಸೇರು ಎಂಬ ಉದಾಹರಣೆಯನ್ನೇ ಎಲ್ಲರೂ ಹೇಳುತ್ತಾರೆ. ಕಾಲದ ಸೇರಿಗೂ ಇದು ಸಲ್ಲುವುದೆಂದು ಯಾರೂ ಹೇಳರು. ಬಟ್ಟಲು ಸವೆದುದನ್ನು ಅರಿತೂ ಸುಮ್ಮನಿದ್ದವನು ಊರಿನ ವ್ರತವನ್ನೇ ಕದ್ದಂತೆ. ಅರಿಯದೆ ನಂಬಿದ ವ್ರತಿಗೆ ಆ ಕಳವು ಅಂಟದು, ಏಕೆಂದರೆ ಅವನಲ್ಲಿ ಪ್ರಮಾದವಿಲ್ಲ.

ಇಷ್ಟಕ್ಕೇ ಮಾತು ಮುಗಿಯದು. ಬಟ್ಟಲು ಹೋಗಿ ಗಡಿಯಾರ ಬಂದಿತು. ಗಡಿಯಾರದಲ್ಲಿಯೂ ಊರಿನ ಕಾಲ ಹೋಗಿ ದೇಶದ ಕಾಲ ಬಂದಿತು. 1906ರ ಜನವರಿ 1ರಿಂದ ಭಾರತದಲ್ಲಿ 82½ ಡಿಗ್ರಿ ಪೂರ್ವ ರೇಖಾಂಶದ ಸಮಯ ಜಾರಿಯಾಯಿತು. ಗದಗ-ಬೆಟಗೇರಿ ಆ ರೇಖೆಗೆ ಪಶ್ಚಿಮದಲ್ಲಿ ಸುಮಾರು ಏಳು ಡಿಗ್ರಿ ದೂರದಲ್ಲಿದೆ. ಆದುದರಿಂದ ಇಲ್ಲಿಯ ಸೂರ್ಯ ಗಡಿಯಾರಕ್ಕಿಂತ 27 ನಿಮಿಷಗಳಿಗೂ ಮಿಕ್ಕಿ ಹಿಂದೆ, ಅಂದರೆ ಒಂದು ಗಳಿಗೆಗಿಂತ ಹೆಚ್ಚು. ಮುಂಡರಗಿಯು ಲಕ್ಷ್ಮೇಶ್ವರಕ್ಕೆ ಪೂರ್ವದಲ್ಲಿರುವುದರಿಂದ ಅಲ್ಲಿ ಸೂರ್ಯ ಸುಮಾರು ಒಂದೂವರೆ ನಿಮಿಷ ಮುಂಚಿತವಾಗಿ ಹುಟ್ಟಿ ಮುಂಚಿತವಾಗಿಯೇ ಮುಳುಗುತ್ತಾನೆ. ಶಿರಹಟ್ಟಿ ಇವೆರಡರ ನಡುವೆ. ಕೊಲ್ಲಾಪುರಕ್ಕೆ ಗಣಿಸಿದ ಕ್ಯಾಲೆಂಡರನ್ನು ಗದಗದ ಅಡುಗೆಮನೆಯಲ್ಲಿ ತೂಗುಹಾಕಿದರೆ, ಹಗಲಿರುಳು ಸಮವಾಗಿರುವ ದಿನಗಳಲ್ಲಿ ಅದರ ಸೂರ್ಯಾಸ್ತ ಐದಾರು ನಿಮಿಷ ತಡ.

ಒಂದೂವರೆ ನಿಮಿಷ ಯಾವ ಲೆಕ್ಕ ಎನ್ನುವವರು ತಿಥಿಯ ವಿಷಯವನ್ನು ಯೋಚಿಸಬೇಕು. ಸೂರ್ಯೋದಯದಿಂದ ಮುಂದೆ ಆರು ಗಳಿಗೆ ಇರುವ ತಿಥಿಯೇ ವ್ರತಕ್ಕೆ ಗ್ರಾಹ್ಯವೆಂಬುದು ದಿಗಂಬರ ಸಂಪ್ರದಾಯ. ಆರು ಗಳಿಗೆಯೆಂದರೆ 2 ಗಂಟೆ 24 ನಿಮಿಷ. ತಿಥಿ ಮುಗಿಯುವ ಕ್ಷಣ ಎಲ್ಲ ಊರಿಗೂ ಒಂದೇ. ಸೂರ್ಯೋದಯ ಒಂದೇ ಅಲ್ಲ. ಚತುರ್ದಶಿಯು ಲಕ್ಷ್ಮೇಶ್ವರದಲ್ಲಿ ಉದಯಾನಂತರ 2 ಗಂಟೆ 23 ನಿಮಿಷ ಮಾತ್ರ ಉಳಿದಿದ್ದರೆ ಮುಂಡರಗಿಯಲ್ಲಿ 24 ನಿಮಿಷ ದಾಟಿರುತ್ತದೆ. ಅಂತಹ ದಿನ ಅಪರೂಪ. ಆದರೆ ಬಂದರೆ, ತವರಿನಲ್ಲಿ ಒಂದು ದಿನ, ಅತ್ತೆಯ ಮನೆಯಲ್ಲಿ ಇನ್ನೊಂದು ದಿನ ಪ್ರೋಷಧೋಪವಾಸವಾದೀತು. ಇಂತಹ ಭೇದಕ್ಕಾಗಿ ಬೀಗರು ಮಾತು ಬಿಟ್ಟರೆ ಅದು ಗಣಿತವನ್ನರಿಯದ ಕಷಾಯ. ಇಬ್ಬರ ತಿಥಿಯೂ ಸರಿಯೇ.

ಅನಸ್ತಮಿತ ಭೋಜನದ ವಿಷಯ ಇದಕ್ಕಿಂತ ಸೂಕ್ಷ್ಮ. ಭಾವವೇ ಮುಖ್ಯ, ನಿಮಿಷಗಳನ್ನೇಕೆ ಎಣಿಸಬೇಕೆಂದು ಕೆಲವರು ಕೇಳುವರು. ಆ ಮಾತಿನಲ್ಲಿ ಸತ್ಯಾಂಶವಿದೆ. ಆದರೆ ಅದನ್ನಾಡುವವರು ಬಹುಮಟ್ಟಿಗೆ ತಡವಾಗಿ ಉಣ್ಣುವವರೇ. ಇನ್ನೊಂದು ಬಗೆಯವರು ಕಣ್ಣೆದುರು ಮಬ್ಬು ಕವಿದಿದ್ದರೂ ಕ್ಯಾಲೆಂಡರು ತೋರಿಸಿ, ಇನ್ನೂ ನಾಲ್ಕು ನಿಮಿಷವಿದೆಯೆಂದು ತುತ್ತನ್ನೆತ್ತುವರು. ಅಳತೆಗಾರನ ತಪ್ಪಿಗೆ ಅಜ್ಞಾನಿಯಾದ ವ್ರತಿ ಹೊಣೆಯಲ್ಲವೆಂದು ಮೇಲೆ ಹೇಳಿತಷ್ಟೆ. ಆದರೆ ಇವರು ಅಜ್ಞಾನಿಗಳಲ್ಲ. ಕಣ್ಣು ಕಂಡುದನ್ನು ಕಾಗದದಿಂದ ಮುಚ್ಚಿದವರು.

ದಿನದ ಮೊದಲ ಮತ್ತು ಕೊನೆಯ ಎರಡೆರಡು ಗಳಿಗೆಗಳನ್ನು ಭೋಜನಕ್ಕೆ ವರ್ಜಿಸಬೇಕೆಂಬ ಹಿರಿಯರ ವಿಧಿಯ ಬೆಲೆ ಇಲ್ಲಿ ತಿಳಿಯುತ್ತದೆ. 48 ನಿಮಿಷಗಳ ಆ ಅಂಚಿನಲ್ಲಿ ಸವೆದ ಬಟ್ಟಲಿನ ತಪ್ಪು, ಕೊಲ್ಲಾಪುರದ ಐದಾರು ನಿಮಿಷ, ಮುಂಡರಗಿಯ ಒಂದೂವರೆ ನಿಮಿಷ ಎಲ್ಲವೂ ಅಡಗಿಹೋಗುತ್ತವೆ. ಗದಗದಲ್ಲಿ ಸೂರ್ಯಾಸ್ತವು ಮಾರ್ಗಶಿರದಲ್ಲಿ ಆರು ಗಂಟೆಯ ಸುಮಾರಿಗೆ, ಆಷಾಢದಲ್ಲಿ ಏಳರ ಸುಮಾರಿಗೆ. ಆದಕಾರಣ ಮಾರ್ಗಶಿರದಲ್ಲಿ ಐದು ಗಂಟೆಯೊಳಗೆ, ಆಷಾಢದಲ್ಲಿ ಆರು ಗಂಟೆಯೊಳಗೆ ಎಲೆ ಎತ್ತಿದ ಮನೆಗೆ ಯಾವ ಪಂಚಾಂಗದ ಜಗಳವೂ ಇಲ್ಲ. ಭಾದ್ರಪದದ ದಶಲಕ್ಷಣ ಪರ್ವದಲ್ಲಿ ಮೋಡ ಮುಚ್ಚಿ ಸೂರ್ಯನೇ ಕಾಣದ ಸಂಜೆಗಳುಂಟು. ಅಂದು ಹಳೆಯ ಮನೆಗಳ ಶ್ರಾವಿಕೆಯರು ಗಡಿಯಾರದತ್ತ ನೋಡುವುದಿಲ್ಲ. ಅಕ್ಕಿಯಲ್ಲಿಯ ಕಲ್ಲು ಬರಿಗಣ್ಣಿಗೆ ಕಾಣುವಷ್ಟು ಬೆಳಕಿರುವಾಗಲೇ ಒಲೆಯನ್ನು ಆರಿಸುತ್ತಾರೆ.