ಗುಟ್ಟಿನ ಓಟು, ನೋಡುವ ದೇವೀರಮ್ಮ

2023ರ ವಿಧಾನಸಭೆ ಚುನಾವಣೆಗೆ ಮುಂಚೆ ನಮ್ಮ ಬೂತ್ ಮಟ್ಟದ ಅಧಿಕಾರಿ, ಬಿ.ಎಲ್.ಓ. ಹುಡುಗಿ, ಬಂದು 12ಡಿ ಎಂಬ ಫಾರಂ ಒಂದನ್ನು ಅವ್ವನ ಮುಂದಿಟ್ಟಳು. 80 ದಾಟಿದವರು ಆ ಸಲ ಮನೆಯಲ್ಲೇ ಕೂತು ಓಟು ಹಾಕಬಹುದಿತ್ತು. ಅಧಿಕಾರಿಗಳೇ ಮತಪತ್ರ ಹಿಡಿದು ಬರುತ್ತಾರೆ, ಜೊತೆಗೆ ವಿಡಿಯೋದವನೂ ಇರುತ್ತಾನೆ, ಗುರುತು ಹಾಕುವುದನ್ನು ಮಾತ್ರ ಯಾರೂ ನೋಡುವಂತಿಲ್ಲ. ಅವ್ವನಿಗೆ ಆಗ 86. ಅತ್ತಿಗುಂಡಿಯ ನಮ್ಮ ಮನೆಯಿಂದ ಬೂತಿಗೆ ಹೋಗುವಾಗ ಇಳಿಜಾರು, ಬರುವಾಗ ಏರು, ಅವಳ ಮಂಡಿ ಎರಡೂ ಹೋಗಿದ್ದವು. ಒಳ್ಳೇದಾಯ್ತು ಎಂದು ನಾನು ಜೇಬಿನಿಂದ ಪೆನ್ನು ತೆಗೆದೆ. ಅವ್ವ ಪೆನ್ನು ಮುಟ್ಟಲಿಲ್ಲ. ಗೋಡೆ ಕಡೆ ನೋಡಿ, "ಇಲ್ಲೇ ಕೂತು ಹಾಕ್ಬೇಕಾ? ಇವಳ ಎದುರಿಗೇ?" ಅಂದಳು.

ಗೋಡೆಯಲ್ಲಿದ್ದದ್ದು ಬಿಂಡಿಗದ ದೇವತೆ ದೇವೀರಮ್ಮನ ಫೋಟೋ.

ಆ ಪ್ರಶ್ನೆಯ ಹಿಂದೆ ಒಂದು ಹಳೇ ಕತೆಯಿದೆ. ಇಪ್ಪತ್ತೈದು ವರ್ಷವಾಗಿರಬೇಕು. ಯಾವ ಚುನಾವಣೆ, ಯಾವ ಪಕ್ಷ ಎಂದು ಬರೆಯುವುದಿಲ್ಲ, ಬರೆದರೆ ಮಿಕ್ಕವರೆಲ್ಲ ಸಾಚಾ ಎಂದಂತಾಗುತ್ತದೆ. ಓಟಿನ ಹಿಂದಿನ ರಾತ್ರಿ ಇಬ್ಬರು ಟಾರ್ಚು ಹಿಡಿದು ಬಂದರು. ನಾನು ಚುನಾವಣೆ ಡ್ಯೂಟಿಯ ಮಸ್ಟರಿಂಗ್ ಮುಗಿಸಿ ಇನ್ನೊಂದು ಊರಿನ ಶಾಲೆಯಲ್ಲಿ ಬೂತು ಕಾಯುತ್ತ ಮಲಗಿದ್ದೆ. ಬಂದವರು ತಂದದ್ದು ವೀಳ್ಯದೆಲೆ, ಅದರ ಮೇಲೆ ಚಿಟಿಕೆ ಅರಿಸಿನ, ನೂರರ ಒಂದು ನೋಟು. ಇದೇ ಫೋಟೋವನ್ನು ಗೋಡೆಯಿಂದ ಇಳಿಸಿ ಅವ್ವನ ಕೈಯನ್ನು ಅದರ ಮೇಲೆ ಇಡಿಸಿದರು. ಅವ್ವನಿಗೆ ದುಡ್ಡು ಬೇಕಿರಲಿಲ್ಲ. ರಾತ್ರಿ ಹೊತ್ತು ಮನೆಗೆ ಬಂದವರನ್ನು ಹೋಗಿ ಎನ್ನಲು ಬಾಯಿ ಬರಲಿಲ್ಲ, ಅಷ್ಟೆ. ಬೆಳಿಗ್ಗೆ ಹೋಗಿ ತನಗೆ ಬೇಡದವರಿಗೆ, ಆಣೆ ಇಟ್ಟಂತೆ, ಓಟು ಹಾಕಿ ಬಂದಳು. ನೋಟನ್ನು ಸಾಸಿವೆ ಡಬ್ಬಿಯಲ್ಲಿಟ್ಟಿದ್ದು, ದೀಪಾವಳಿಗೆ ದೇವೀರಮ್ಮನ ಬೆಟ್ಟ ಹತ್ತಿ ಹುಂಡಿಗೆ ಹಾಕಿದಳು. ನನಗೆ ಇದು ಗೊತ್ತಾದದ್ದು ಎಷ್ಟೋ ವರ್ಷದ ಮೇಲೆ. ನಾನು ಮೇಷ್ಟರಾಗಿ ನಿವೃತ್ತನಾಗುವವರೆಗೆ ಮಾಡಿದ ಚುನಾವಣೆ ಡ್ಯೂಟಿಗೆ ಲೆಕ್ಕವಿಲ್ಲ. ರಟ್ಟಿನ ಮರೆ ಕಟ್ಟಿ, ಅದರೊಳಗೆ ಯಾರೂ ಇಣುಕದ ಹಾಗೆ ದಿನವಿಡೀ ಕಾಯುವುದೇ ಕೆಲಸ. ಎಷ್ಟೋ ಜನರ ಎಡಗೈ ತೋರುಬೆರಳಿಗೆ ಮೈಸೂರಿನ ಕಾರ್ಖಾನೆಯ ಶಾಯಿ ಬಳಿದಿದ್ದೇನೆ. ಅದು ಕೆಲವು ವಾರಕ್ಕೆ ಉಗುರಿನ ಜೊತೆ ಬೆಳೆದು ಹೋಗುತ್ತದೆ. ಅವ್ವನ ಆಣೆ ಹೋಗಿಲ್ಲ.

1951ರ ಪ್ರಜಾಪ್ರಾತಿನಿಧ್ಯ ಕಾಯ್ದೆಯ 123ನೇ ಕಲಮಿನಲ್ಲಿ ಇದಕ್ಕೆ ಮದ್ದಿದೆ. ಓಟು ಹೀಗೆ ಹಾಕದಿದ್ದರೆ ದೈವದ ಅವಕೃಪೆಗೆ ಗುರಿಯಾಗುತ್ತೀಯೆ ಎಂದು ಮತದಾರನನ್ನು ನಂಬಿಸುವುದು ಭ್ರಷ್ಟಾಚಾರ. ದೇವರಿಲ್ಲ ಎಂದು ಕಾನೂನು ಹೇಳುವುದಿಲ್ಲ. ದೇವರ ಸಿಟ್ಟನ್ನು ಅಭ್ಯರ್ಥಿ ತನ್ನ ಪರವಾಗಿ ಬಳಸಕೂಡದು ಎನ್ನುತ್ತದೆ, ಅಷ್ಟೆ. ಎಷ್ಟು ಹದವಾಗಿದೆ ಎಂದು ಹೆಮ್ಮೆಯಿಂದ ಅವ್ವನಿಗೆ ಬಿಡಿಸಿ ಹೇಳಿದೆ. "ಕಾನೂನು ಬರೆದೋರು ದೇವೀರಮ್ಮನ್ನ ಕೇಳಿ ಬರೆದ್ರಾ?" ಅಂದಳು.

ಆ ಸಲ ಮೇ 10ಕ್ಕೆ ಮತದಾನವಿತ್ತು. ನಮ್ಮ ಚಿಕ್ಕಮಗಳೂರು ಕ್ಷೇತ್ರದಲ್ಲಿ ಬಿಜೆಪಿಯ ಸಿ.ಟಿ. ರವಿಯವರು 2004, 2008, 2013, 2018 ಹೀಗೆ ನಾಲ್ಕು ಸಲ ಸತತ ಗೆದ್ದು ಐದನೆಯದಕ್ಕೆ ನಿಂತಿದ್ದರು. 2004ರಲ್ಲಿ ಹುಟ್ಟಿದ ಮಗುವಿಗೆ ಆಗ ಓಟಿತ್ತು, ಅದು ಬೇರೊಬ್ಬ ಶಾಸಕರನ್ನು ಕಂಡಿರಲಿಲ್ಲ. ಎದುರಿಗೆ ಕಾಂಗ್ರೆಸ್ಸಿನಿಂದ ನಿಂತಿದ್ದ ಎಚ್.ಡಿ. ತಮ್ಮಯ್ಯನವರು ಸ್ವಲ್ಪ ಮುಂಚಿನವರೆಗೆ ಅದೇ ಬಿಜೆಪಿಯಲ್ಲಿ, ರವಿಯವರ ಜೊತೆಗೇ ಇದ್ದವರು. ಹಾಗಾಗಿ ಪೇಟೆಯಲ್ಲೂ ಊರಲ್ಲೂ ಕಿವಿಗೆ ಬೀಳುತ್ತಿದ್ದ ಮಾತು ಒಂದೇ: ಋಣ. ಯಾರು ಯಾರ ಉಪ್ಪುಂಡರು, ಯಾರಿಂದ ಯಾರು ಬೆಳೆದರು, ನಾವು ಯಾರಿಗೆ ಏನು ತೀರಿಸಬೇಕು.

ಈ ಮಾತು ಕೇಳಿದರೆ ನನಗೆ ಮೈ ಉರಿಯುತ್ತದೆ. ಶಾಸ್ತ್ರ ಮುಖ್ಯವಾಗಿ ಹೇಳಿದ್ದು ಮೂರು ಋಣ: ದೇವಋಣ, ಋಷಿಋಣ, ಪಿತೃಋಣ. ಶಾಸಕಋಣ ಎಂಬುದನ್ನು ಯಾವ ವೇದದಲ್ಲೂ ಸೇರಿಸಿಲ್ಲ. ರಸ್ತೆಗೆ ಡಾಂಬರು ಬಿದ್ದದ್ದು ಸರ್ಕಾರದ ದುಡ್ಡಿನಲ್ಲಿ. ಅವ್ವ ಚಹಾಕ್ಕೆ ಅದ್ದಿಕೊಳ್ಳುವ ಬಿಸ್ಕತ್ತಿನ ತೆರಿಗೆಯೂ ಅದರಲ್ಲಿದೆ. ಮಾಡಲೆಂದೇ ಕಳಿಸಿದ ಕೆಲಸ ಮಾಡಿ ಅದನ್ನು ಸಾಲದ ಪುಸ್ತಕದಲ್ಲಿ ಬರೆದಿಡುವುದು ಎಲ್ಲಿಯ ನ್ಯಾಯ? ಇನ್ನೊಂದು ಅವಧಿ ಕೇಳುವುದು ತಪ್ಪಲ್ಲ. ಇಷ್ಟು ಮಾಡಿದ್ದೇನೆ, ಇಷ್ಟು ಉಳಿದಿದೆ, ನೋಡಿ ಎನ್ನಲಿ. ನೋಡುತ್ತೇವೆ. ತೀರಿಸಿ ಎನ್ನಬಾರದು.

ಅವ್ವ ಇದನ್ನೂ ಒಪ್ಪಲಿಲ್ಲ. "ರಸ್ತೆ ದುಡ್ಡು ಸರ್ಕಾರದ್ದೇ ಇರ್ಬಹುದು. ಸಾವಿನ ಮನೆಗೆ ಬಂದು ಜಗಲೀಲಿ ಕೂತು ಎರಡು ಮಾತಾಡಿ ಹೋಗೋದು ಸರ್ಕಾರದ ದುಡ್ಡಲ್ವಲ್ಲ."

"ಹಂಗಾದ್ರೆ ಅವರ ಮನೇಲಿ ಸಾವಾದಾಗ ನೀನೂ ಹೋಗಿ ಕೂತು ಬಾ. ಸರಿಗೆ ಸರಿ."

"ಅಂಥೋರ ಮನೆ ಗೇಟು ದಾಟಿ ನಾನು ಒಳಗೆ ಹೋಗಕ್ಕಾಗ್ತದಾ ಮಾರಾಯ? ನನ್ನತ್ರ ಕೊಡಕ್ಕೆ ಇರೋದು ಅದೊಂದೇ."

ಮೂವತ್ತು ವರ್ಷ ಪೌರನೀತಿ ಪಾಠ ಮಾಡಿದವನಿಗೆ ಇದಕ್ಕೆ ಉತ್ತರ ಸಿಗಲಿಲ್ಲ. ಉಪಕಾರಕ್ಕೆ ಪ್ರತಿಯಾಗಿ ಕೊಡಲು ಬೇರೇನೂ ಇಲ್ಲದವರ ಕೈಯಲ್ಲಿ ಓಟು ಬಾಳೆಗೊನೆಯಂತೆ, ಬೆಲ್ಲದುಂಡೆಯಂತೆ ಮುಯ್ಯಿಯಾಗಿಬಿಡುತ್ತದೆ. ಅದನ್ನು ಮೂಢತನ ಎನ್ನಲು ನನ್ನ ನಾಲಿಗೆ ಏಳಲಿಲ್ಲ.

ನಾನಿರುವ ಜಾಗದಲ್ಲೂ ದೇವರು, ಓಟು ಹೀಗೇ ಹೆಣೆದುಕೊಂಡಿವೆ. ನಮ್ಮೂರನ್ನು ಹಾದೇ ಜನ ಬೆಟ್ಟಕ್ಕೆ ಹೋಗುತ್ತಾರೆ, ಕೆಲವರಿಗೆ ಅದು ದತ್ತಪೀಠ, ಕೆಲವರಿಗೆ ಬಾಬಾಬುಡನ್ ದರ್ಗಾ. ಸರ್ಕಾರದ ಕಡತದಲ್ಲಿ ಎರಡು ಹೆಸರೂ ಒಟ್ಟಿಗಿವೆ. ಕನ್ನಡದಲ್ಲಿ ಧರ್ಮಕ್ಕೂ ಮತ, ಓಟಿಗೂ ಮತ. ಈ ಬೆಟ್ಟದ ರಾಜಕೀಯದಲ್ಲಿ ಅವೆರಡು ಬೆರೆತಷ್ಟು ಬೇರೆ ಕಡೆ ಬೆರೆತದ್ದು ಕಡಿಮೆ. ಆ ಜಗಳ ಇಲ್ಲಿ ಬೇಡ. ನನ್ನನ್ನು ಕಾಡುವುದು ದತ್ತಾತ್ರೇಯನ ಗುರುಗಳ ಪಟ್ಟಿ. ಭಾಗವತದ ಹನ್ನೊಂದನೇ ಸ್ಕಂಧದಲ್ಲಿ ಅವಧೂತ ತನ್ನ 24 ಗುರುಗಳನ್ನು ಹೇಳುತ್ತಾನೆ: ಭೂಮಿ, ಗಾಳಿ, ಹೆಬ್ಬಾವು, ಜೇಡ... ಅದರಲ್ಲೊಂದು ಕುರರ ಎಂಬ ಹಕ್ಕಿ. ಕೊಕ್ಕಿನಲ್ಲಿ ಮಾಂಸದ ತುಂಡು ಕಚ್ಚಿಕೊಂಡಿರುವವರೆಗೆ ಬಲವಾದ ಹಕ್ಕಿಗಳೆಲ್ಲ ಅದರ ಬೆನ್ನು ಹತ್ತುತ್ತವೆ. ತುಂಡನ್ನು ಬಿಟ್ಟುಬಿಟ್ಟಿತು, ಸುಖವಾಯಿತು.

ಶಾಲೆಯಲ್ಲಿ ಈ ಕತೆ ಹೇಳಿ, ಅಧಿಕಾರ ಬಿಡಲಾರದವರನ್ನು ಎಷ್ಟೋ ಸಲ ಕುಟುಕಿದ್ದೇನೆ. ಈಗ ಅನಿಸುತ್ತದೆ, ಬಿದ್ದ ಮಾಂಸದ ತುಂಡಿಗೆ ಆಮೇಲೆ ಏನಾಯಿತು ಎಂದು ಅವಧೂತ ಹೇಳಲಿಲ್ಲ. ಸನ್ಯಾಸಿಗೆ ಅದು ಬೇಕಾಗಿಯೂ ಇರಲಿಲ್ಲ. ನಮಗೆ ಬೇಕು, ಯಾಕೆಂದರೆ ಆ ಕತೆಯಲ್ಲಿ ಮತದಾರರಾದ ನಾವು ಹಕ್ಕಿಯಲ್ಲ, ತುಂಡು.

ಈ ಜಿಲ್ಲೆ ಅದನ್ನು ಕಣ್ಣಾರೆ ಕಂಡಿದೆ. 1978ರಲ್ಲಿ ಡಿ.ಬಿ. ಚಂದ್ರೇಗೌಡರು ಗೆದ್ದಿದ್ದ ಲೋಕಸಭೆ ಸೀಟನ್ನು ಇಂದಿರಾ ಗಾಂಧಿಗಾಗಿ ಬಿಟ್ಟುಕೊಟ್ಟರು. ನನಗಾಗ 19, ಇನ್ನೂ ಓಟಿಲ್ಲ. ಆಗ 21 ಆಗಬೇಕಿತ್ತು. ಅವ್ವ ತೋಟದ ಆಳುಗಳ ಜೊತೆ ಲಾರಿಯಲ್ಲಿ ನಿಂತು ಹೋಗಿ ಭಾಷಣ ಕೇಳಿ ಬಂದಳು. ಅವಳಿಗೆ ನೆನಪಿರುವುದು ಇಂದಿರಾ ಅವರ ಸೆರಗು ಮಾತ್ರ. ವೀರೇಂದ್ರ ಪಾಟೀಲರ ವಿರುದ್ಧ ನವೆಂಬರಿನಲ್ಲಿ 70 ಸಾವಿರಕ್ಕೂ ಮೇಲ್ಪಟ್ಟು ಅಂತರದಿಂದ ಗೆಲ್ಲಿಸಿದೆವು. ಡಿಸೆಂಬರಿನಲ್ಲಿ ಹಕ್ಕುಚ್ಯುತಿ ಎಂದು ಲೋಕಸಭೆಯೇ ಅವರನ್ನು ಹೊರಹಾಕಿತು. ಲಾರಿ ಹತ್ತಿ ಹೋದವರನ್ನು ಯಾರೂ ಒಂದು ಮಾತು ಕೇಳಲಿಲ್ಲ.

ಇಷ್ಟೆಲ್ಲ ಯೋಚಿಸಿದ ಮೇಲೆ ಸೀಟು ಕಚ್ಚಿಕೊಂಡ ಹಕ್ಕಿಗಿಂತ ನನಗೆ ಅವ್ವನ ಬೆರಳೇ ದೊಡ್ಡದಾಗಿ ಕಂಡಿತು. ಅವಳು ಯಾರಿಗೆ ಹಾಕುತ್ತಾಳೋ ಗೊತ್ತಿರಲಿಲ್ಲ. ಕೇಳಲಿಲ್ಲ, ಕೇಳುವುದೂ ಇಲ್ಲ. ಹಳಬರಿಗೇ ಹಾಕಲಿ, ಹೊಸಬರಿಗೇ ಹಾಕಲಿ. ಆ ಒಂದು ನಿಮಿಷ ಅವಳ ಕೈ ಯಾವ ಫೋಟೋದ ಮೇಲೂ ಇರದಿದ್ದರೆ ಸಾಕು ಅನಿಸಿತು.

ಬಿ.ಎಲ್.ಓ. ಹುಡುಗಿಗೆ ಇನ್ನೂ ನಾಲ್ಕು ಮನೆ ಬಾಕಿ. ನಮ್ಮ ವಾದ ಕೇಳಿ ಕೇಳಿ ಅವಳ ಕಾಫಿ ಆರಿತ್ತು. ಕೊನೆಗೆ ಅವ್ವ ಪೆನ್ನು ತಗೊಂಡು, ಒಂದೊಂದೇ ಅಕ್ಷರ ಕೂಡಿಸಿ ಸಹಿ ಹಾಕಿದಳು.

"ಅವತ್ತು ಫೋಟೋನ ಗೋಡೆ ಕಡೆ ತಿರುಗ್ಸಿಡು."

"ತಿರುಗ್ಸಿದ್ರೆ ಅವಳಿಗೆ ಕಾಣಲ್ವಾ?"

"ಅವಳಿಗೆ ಕಾಣ್ತದೆ ಕಣೋ. ನಂಗೆ ಅವಳು ಕಾಣಲ್ಲ."

ಹುಡುಗಿ ನಕ್ಕು, ಯಾವ ದಿನ ಬರುತ್ತಾರೆಂದು ಫೋನ್ ಮಾಡಿ ಹೇಳುತ್ತೇನೆ ಅಂತ ತನ್ನ ನಂಬರನ್ನು ಒಂದು ಚೀಟಿಯಲ್ಲಿ ಬರೆದುಕೊಟ್ಟಳು. ಅವ್ವ ಗೋಡೆ ಹಿಡಿದು ಎದ್ದು, ಆ ಚೀಟಿಯನ್ನು ಕರೆಂಟು ಬಿಲ್ಲಿನ ಜೊತೆ ದೇವೀರಮ್ಮನ ಫೋಟೋದ ಹಿಂದೆ ಸಿಕ್ಕಿಸಿದಳು.