ಹೊತ್ತಿನ ತಪ್ಪು

ಒಳ್ಳೆಯ ಮನುಷ್ಯ, ಕೆಟ್ಟ ಮನುಷ್ಯ ಅಂದರೆ ಅರ್ಥವಾಗುತ್ತದೆ. ಒಳ್ಳೆಯ ಹೊತ್ತು, ಕೆಟ್ಟ ಹೊತ್ತು ಅಂದರೇನು? ಯಾರಿಗೂ ಏನೂ ಮಾಡದೆ ತನ್ನ ಪಾಡಿಗೆ ಕಳೆದುಹೋಗುವ ಒಂದೂವರೆ ಗಂಟೆಗೆ ಕೇಡು ಮಾಡುವ ಶಕ್ತಿ ಎಲ್ಲಿಂದ ಬರುತ್ತದೆ? ಅಡುಗೆಮನೆಯ ಗೋಡೆಯ ಕ್ಯಾಲೆಂಡರಿನಲ್ಲಿ ಹಾಲಿನ ಲೆಕ್ಕ ಬರೆಯುವಾಗಲೆಲ್ಲ ನನಗೆ ಈ ಪ್ರಶ್ನೆ ಬರುತ್ತದೆ. ಅದರ ಮೂಲೆಯಲ್ಲಿರುವ ರಾಹುಕಾಲದ ಸಾಲನ್ನು ನೋಡದೆ ಒಳ್ಳೆಯ ಕೆಲಸಕ್ಕೆ ಹೊಸ್ತಿಲು ದಾಟುವವರು ನಮ್ಮ ನೊಣವಿನಕೆರೆ ಕಡೆ ಕಡಿಮೆ.

ಲೆಕ್ಕ ಸುಲಭವಾಗಿಯೇ ಇದೆ. ಸೂರ್ಯ ಹುಟ್ಟಿದಾಗಿನಿಂದ ಮುಳುಗುವ ತನಕದ ಹೊತ್ತನ್ನು ಎಂಟು ಪಾಲು ಮಾಡಿ, ದಿನಕ್ಕೊಂದು ಪಾಲನ್ನು ರಾಹುವಿಗೆ ಬಿಟ್ಟುಕೊಟ್ಟಿದ್ದಾರೆ. ಸೋಮವಾರ ಏಳೂವರೆಯಿಂದ ಒಂಬತ್ತು, ಶುಕ್ರವಾರ ಹತ್ತೂವರೆಯಿಂದ ಹನ್ನೆರಡು, ಭಾನುವಾರ ನಾಲ್ಕೂವರೆಯಿಂದ ಆರು. ವರ್ಷಕ್ಕೆ ಕೂಡಿಸಿದರೆ ಸುಮಾರು 547 ಗಂಟೆ, ಹತ್ತಿರ ಹತ್ತಿರ 23 ದಿನ. ಯಮಗಂಡಕಾಲವನ್ನೂ ಸೇರಿಸಿದರೆ ಹಗಲಿನ ಕಾಲು ಭಾಗ ಹೋಯಿತು. ಆದರೆ ಕ್ಯಾಲೆಂಡರಿನವರು ವರ್ಷವಿಡೀ ಬೆಳಿಗ್ಗೆ ಆರಕ್ಕೇ ಸೂರ್ಯ ಹುಟ್ಟುತ್ತಾನೆಂದು ಹಿಡಿದು ಅಚ್ಚು ಹಾಕುತ್ತಾರೆ. ಜನವರಿಯಲ್ಲಿ ನಮ್ಮೂರಲ್ಲಿ ಸೂರ್ಯ ಕಾಣುವುದು ಆರೂ ಮುಕ್ಕಾಲರ ಸುಮಾರಿಗೆ. ರಾಹು ಯಾರ ಗಡಿಯಾರ ನೋಡಿ ಹೊರಡುತ್ತಾನೋ ತಿಳಿಯದು! ಇನ್ನು ಗುಜರಾತ್, ರಾಜಸ್ಥಾನದ ಕಡೆ ಚೌಘಡಿಯಾ ಎಂಬ ಬೇರೆಯೇ ಲೆಕ್ಕ ನೋಡುತ್ತಾರೆ. ನಮಗೆ ಕೆಟ್ಟದ್ದಾದ ಹೊತ್ತು ಅವರಿಗೆ ಒಳ್ಳೆಯದಾಗಿರಬಹುದು.

ಹಾಗೆಂದು ಇದನ್ನು ನಂಬುವವರನ್ನು ನಾನು ನಗುವುದಿಲ್ಲ. ‘ಒಂದೂವರೆ ಗಂಟೆ ಕಾದರೆ ಯಾರ ಗಂಟು ಹೋಗುತ್ತದೆ?’ ಎಂದು ಹಿರಿಯರು ಕೇಳುವ ಮಾತಿನಲ್ಲಿ ನ್ಯಾಯವಿದೆ. ಕಾಯುವುದು ನಮ್ಮ ಕಡೆಯವರಿಗೆ ಹೊಸದೂ ಅಲ್ಲ. ಕಾಯನ್ನು ಅಟ್ಟಕ್ಕೆ ಹಾಕಿ, ಒಳಗಿನ ನೀರು ಇಂಗಿ ಉಂಡೆ ಕೊಬ್ಬರಿಯಾಗಲು ಹತ್ತು ಹನ್ನೆರಡು ತಿಂಗಳು ಕಾಯುವ ಜನ ನಾವು. ಮಂಗಳವಾರ, ಶುಕ್ರವಾರ ಅದೇ ರಾಹುಕಾಲದಲ್ಲಿ ಹೆಂಗಸರು ನಿಂಬೆಹಣ್ಣಿನ ಹೋಳಿನಲ್ಲಿ ದೀಪ ಹಚ್ಚಿ ದೇವಿಯ ಮುಂದೆ ಕೂರುವುದನ್ನು ನೀವೂ ಕಂಡಿದ್ದೀರಿ. ಯಾರೂ ಯಾವ ಕೆಲಸವನ್ನೂ ಶುರುಮಾಡದ ಹೊತ್ತು ಅದು. ಮನೆಯಲ್ಲಿ ಯಾರಿಗೂ ಬೇಡವಾದ ಆ ಹೊತ್ತನ್ನು ತಮ್ಮದೆಂದು ಮಾಡಿಕೊಂಡ ಜಾಣತನ ನನಗೆ ಇಷ್ಟವೇ.

ಹಾಗಾದರೆ ತಪ್ಪು ಎಲ್ಲಿ ಶುರುವಾಗುತ್ತದೆ? ನನ್ನ ಭಯಕ್ಕೆ ನಾನೇ ಬೆಲೆ ಕೊಟ್ಟರೆ ಅದು ನನ್ನ ಸ್ವಂತ ವಿಷಯ. ಬೆಲೆಯನ್ನು ಇನ್ನೊಬ್ಬರ ಕೈಯಲ್ಲಿ ಕೊಡಿಸಿದಾಗ ಅದು ಅನ್ಯಾಯ. ನಮ್ಮ ಬೀದಿಯಲ್ಲೊಮ್ಮೆ ಸೋಮವಾರ ಬೆಳಿಗ್ಗೆ ಎಂಟಕ್ಕೆ ಬಸುರಿಯೊಬ್ಬಳಿಗೆ ನೋವು ಕಾಣಿಸಿಕೊಂಡಿತು. ತಿಪಟೂರಿಗೆ ಕರೆದೊಯ್ಯಬೇಕು. ‘ಒಂಬತ್ತಾಗಲಿ’ ಎಂದು ಗಂಡಸರು ನಿಂತರು. ಐದು ಹೆತ್ತ ಆ ಮನೆಯ ಅಜ್ಜಿ, ದಿನಾ ಪಂಚಾಂಗ ಕೇಳಿಸಿಕೊಳ್ಳುವವರು, ‘ಕೂಸಿಗೆ ಕ್ಯಾಲೆಂಡರ್ ಓದಕ್ಕೆ ಬರ್ತದೇನ್ರೋ? ಗಾಡಿ ಕರೀರಿ ಮೊದ್ಲು’ ಎಂದು ಗದರಿದರು. ಆ ಅಜ್ಜಿ ನಂಬಿಕೆ ಬಿಟ್ಟವರೇನಲ್ಲ. ಯಾವುದು ಮೊದಲು ಎಂಬುದು ಅವರಿಗೆ ಗೊತ್ತಿತ್ತು, ಅಷ್ಟೆ.

ಎಲ್ಲ ಕಡೆ ಅಂಥ ಅಜ್ಜಿ ಇರುವುದಿಲ್ಲ. 2019ರ ಡಿಸೆಂಬರ್ 26ರ ಸೂರ್ಯಗ್ರಹಣದ ದಿನ ಕಲಬುರಗಿ ಹತ್ತಿರದ ತಾಜ್‌ಸುಲ್ತಾನಪುರದಲ್ಲಿ ಅಂಗವಿಕಲ ಮಕ್ಕಳನ್ನು ಕುತ್ತಿಗೆಯವರೆಗೆ ಮಣ್ಣಿನಲ್ಲಿ ಹೂತರು. ಗ್ರಹಣದ ಹೊತ್ತಿಗೆ ಅಂಗ ಸರಿಯಾಗುತ್ತದೆಂಬ ನಂಬಿಕೆ. ಹೆತ್ತವರಿಗೆ ಮಕ್ಕಳ ಮೇಲೆ ಪ್ರೀತಿ ಇರಲಿಲ್ಲವೆಂದು ನಾನು ಹೇಳಲಾರೆ. ಪ್ರೀತಿ ಇದ್ದದ್ದಕ್ಕೇ ಹಾಗೆ ಮಾಡಿದರು. ಆದರೆ ಅಳುತ್ತಾ ನಿಂತದ್ದು ಮಕ್ಕಳು.

ಇದಕ್ಕಿಂತ ಮೆಲ್ಲಗೆ, ಸದ್ದಿಲ್ಲದೆ ನಡೆಯುವ ಇನ್ನೊಂದು ಅನ್ಯಾಯವಿದೆ. ರಾಹುಕಾಲವಾದರೂ ಒಂದೂವರೆ ಗಂಟೆಗೆ ಮುಗಿಯುತ್ತದೆ. ಹೆಣ್ಣಿಗೆ ಅಂಟಿದ ಕೆಟ್ಟ ಗಳಿಗೆ ಮುಗಿಯುವುದೇ ಇಲ್ಲ. ಮೂಲಾ ನಕ್ಷತ್ರದವಳು ಮಾವನಿಗಾಗದು, ಆಶ್ಲೇಷಾ ಅತ್ತೆಗಾಗದು, ಜ್ಯೇಷ್ಠಾ ಭಾವನಿಗಾಗದು, ವಿಶಾಖಾ ಮೈದುನನಿಗಾಗದು! ಇರುವುದು 27 ನಕ್ಷತ್ರ. ಪಾದದ ಲೆಕ್ಕ ಬಿಟ್ಟು ನೋಡಿದರೆ ಹುಟ್ಟುವ ಏಳು ಹೆಣ್ಣುಮಕ್ಕಳಲ್ಲಿ ಒಬ್ಬಳ ಮೇಲೆ ಈ ಆಪಾದನೆ ಬೀಳುತ್ತದೆ. ಕುಣಿಯಲಾರದವಳು ನೆಲ ಡೊಂಕು ಅಂದಳಂತೆ. ಇಲ್ಲಿ ಕುಣಿಯುವ ಮೊದಲೇ ಅವಳ ಕಾಲು ಡೊಂಕು ಅನ್ನುತ್ತಾರೆ.

ನನಗೆ ಪರಿಚಯದ ಒಬ್ಬ ಹುಡುಗಿ ಮೂಲಾ ನಕ್ಷತ್ರದವಳು. ಓದಿದ್ದಾಳೆ, ದುಡಿಯುತ್ತಾಳೆ. ನೋಡಲು ಬಂದವರು ಉಪ್ಪಿಟ್ಟು ತಿಂದು, ಜಾತಕ ಕೇಳಿ, ‘ತಿಳಿಸ್ತೀವಿ’ ಎಂದು ಹೋದರು. ಹೀಗೆ ನಾಲ್ಕು ಸಲ. ಕೊನೆಗೆ ಅವಳ ತಾಯಿ ಹುಟ್ಟಿದ ದಿನವನ್ನೇ ಬದಲಿಸಿ ಬೇರೆ ಜಾತಕ ಬರೆಸಿದರು. ‘ಸುಳ್ಳು ಹೇಳಿದ ಪಾಪ ಬರುತ್ತದೇನಮ್ಮ?’ ಎಂದು ನನ್ನನ್ನೇ ಕೇಳಿದರು. ನಾನು ಬಹಳ ಯೋಚಿಸಿದೆ. ಸುಳ್ಳು ಸುಳ್ಳೇ, ಅದರಲ್ಲಿ ಕಟ್ಟಿದ ಸಂಸಾರಕ್ಕೆ ಒಂದು ಅಳುಕು ಉಳಿಯುತ್ತದೆ. ಮುಂದೆ ಮಾವನಿಗೆ ಒಂದು ಜ್ವರ ಬಂದರೂ ಆ ತಾಯಿಯ ಎದೆ ಝಲ್ಲೆನ್ನುತ್ತದೆ. ಆದರೆ ಆ ಪಾಪದ ದೊಡ್ಡ ಪಾಲು ಹೇಳಿದವರದ್ದಲ್ಲ, ಬೇರೆ ದಾರಿಯಿಲ್ಲದಂತೆ ಮಾಡಿ ಕೇಳಿದವರದ್ದು ಅಂತ ನನಗನ್ನಿಸಿತು. ಹಾಗೆಯೇ ಹೇಳಿದೆ.

ವಸಿಷ್ಠರಂಥವರಿದ್ದ ಅಯೋಧ್ಯೆಯಲ್ಲೇ ಪಟ್ಟಕ್ಕೆ ಗೊತ್ತಾದ ದಿನ ರಾಮ ಕಾಡಿಗೆ ಹೊರಟ. ನಮ್ಮವರು ಕೇಳಿದರೆ ಶುಭಲಗ್ನ, ರಾಶಿಕೂಟ ಉಂಟೆಂದೇ ಹೇಳಿ ಎಂದು ಬಸವಣ್ಣನವರು 12ನೇ ಶತಮಾನದಲ್ಲೇ ವಚನದಲ್ಲಿ ಹೇಳಿಯಾಗಿದೆ. 1990ರ ದಶಕದ ಕೊನೆಗೆ ಬಂದ ನುಸಿರೋಗ ಯಾರ ತೋಟಕ್ಕೂ ಮುಹೂರ್ತ ನೋಡಿ ಬರಲಿಲ್ಲ, ಒಳ್ಳೆಯ ಲಗ್ನದಲ್ಲಿ ನೆಟ್ಟ ಮರದ ಕಾಯಿಯನ್ನೂ ಸೀಯಾಗಿಸಿತು. ಇಷ್ಟೆಲ್ಲ ಕಂಡಮೇಲೂ ಭಯ ಹೋಗುವುದಿಲ್ಲವೆಂದರೆ ಇರಲಿ, ಭಯ ಯಾರಿಗಿಲ್ಲ?

ನನ್ನ ಕೇಳಿಕೆ ಇಷ್ಟೆ. ಹೆಣ್ಣು ಹೆತ್ತು ಜಾತಕ ಮುಚ್ಚಿಡುವವರೂ ನಾವೇ, ಗಂಡು ಹೆತ್ತು ಜಾತಕ ಕೇಳುವವರೂ ನಾವೇ. ಕೇಳುವ ಸರದಿ ನಮ್ಮದಾದಾಗ, ಎದುರಿಗೆ ತಟ್ಟೆ ಹಿಡಿದು ನಿಂತ ಹುಡುಗಿಯ ಸ್ವಭಾವ ವಿಚಾರಿಸೋಣ, ಅವಳ ಇಷ್ಟ ಕೇಳೋಣ. ಅವಳು ಹುಟ್ಟಿದ ಗಳಿಗೆಯನ್ನು ಆರಿಸಿಕೊಂಡವಳು ಅವಳಲ್ಲ.