ಅನುಕರಣವೋ, ಅನುಕಂಪವೋ?

ಪರರ ಚರಿತ್ರೆಯನ್ನು ನಾವೇತಕ್ಕೆ ಓದಬೇಕು? "ಅವರಂತಾಗುವುದಕ್ಕೆ" ಎಂಬ ಉತ್ತರವನ್ನು ಮೂವತ್ತು ವರ್ಷಗಳ ಕಾಲ ವಿದ್ಯಾರ್ಥಿಗಳಿಗೆ ಹೇಳುತ್ತ ಬಂದೆನು. ಆ ಉತ್ತರದ ದೋಷವನ್ನು ನನಗೆ ತೋರಿಸಿಕೊಟ್ಟವನು ಒಬ್ಬ ಬಾಲಕನು.

ಅಂದು ಸುರಪುರದ ರಾಜಾ ವೆಂಕಟಪ್ಪನಾಯಕರ ವೃತ್ತಾಂತವನ್ನು ಹೇಳುತ್ತಿದ್ದೆನು: 1858ರ ಫೆಬ್ರವರಿಯಲ್ಲಿ ಬ್ರಿಟಿಷರೊಡನೆ ಯುದ್ಧ, ಹೈದರಾಬಾದಿನಲ್ಲಿ ಬಂಧನ, ಮರಣದಂಡನೆ, ಅದು ಇಳಿದಿಳಿದು ಚೆಂಗಲ್‌ಪಟ್ಟಿನಲ್ಲಿ ನಾಲ್ಕು ವರ್ಷಗಳ ಸೆರೆವಾಸವಾದದ್ದು, ಅಲ್ಲಿಗೆ ಮುಟ್ಟುವ ಮೊದಲೇ ಹಾದಿಯಲ್ಲಿ ಗುಂಡಿನಿಂದ ಮೃತ್ಯು. ಆ ಮರಣವು ಹೇಗಾಯಿತೆಂಬಲ್ಲಿ ಇಂದಿಗೂ ಮತಭೇದವುಂಟು. ಇಷ್ಟನ್ನು ಹೇಳಿ, "ಆ ಅರಸನ ಧೈರ್ಯವೆಲ್ಲಿ, ನಿಮ್ಮ ಆಲಸ್ಯವೆಲ್ಲಿ!" ಎಂದು ಗದರಿಸಿದೆನು. ಎಲ್ಲರೂ ತಲೆ ತಗ್ಗಿಸಿದರು. ಒಬ್ಬನು ಮಾತ್ರ, "ಗುರುಗಳೇ, ಸೆರೆಯಲ್ಲಿ ಅವರನ್ನು ಕಾಣಲಿಕ್ಕೆ ಯಾರಾದರೂ ಹೋಗಿದ್ದರೇನು?" ಎಂದು ಕೇಳಿದನು.

ಹೋಗಿದ್ದವನು ಮೆಡೋಸ್ ಟೇಲರನು. ಅರಸನ ಬಾಲ್ಯದಲ್ಲಿ ಸಂಸ್ಥಾನವನ್ನು ನೋಡಿಕೊಂಡು, 1853ರಲ್ಲಿ ಅದನ್ನು ಬಿಟ್ಟು ಹೋದ ಆಂಗ್ಲ ಅಧಿಕಾರಿ ಅವನು. ಅರಸನು ತನ್ನನ್ನು 'ಅಪ್ಪ' ಎಂದು ಕರೆಯುತ್ತಿದ್ದನೆಂದು 1877ರಲ್ಲಿ ಅಚ್ಚಾದ ಆತ್ಮಚರಿತ್ರೆಯಲ್ಲಿ ಬರೆದಿದ್ದಾನೆ. ಸೆರೆಯಲ್ಲಿದ್ದ ಯುವಕನು ಕ್ಷಮೆಯನ್ನು ಬೇಡಲಿಲ್ಲ. ಕಳ್ಳನಂತೆ ಗಲ್ಲಿಗೇರಿಸದೆ ತೋಪಿನ ಬಾಯಿಗೆ ಕಟ್ಟಿ ಕೊಲ್ಲಲೆಂದನೆಂಬುದೂ ಆ ಗ್ರಂಥದಿಂದಲೇ ತಿಳಿದುಬರುತ್ತದೆ. ಇವನು ತನ್ನ ಪಕ್ಷವನ್ನು ಬಿಡಲಿಲ್ಲ, ಅವನೂ ಬಿಡಲಿಲ್ಲ. ಆದರೂ ಒಬ್ಬನ ನೋವು ಮತ್ತೊಬ್ಬನನ್ನು ಮುಟ್ಟಿತು.

'ಅನುಕರಣ'ವೆಂದರೆ ಒಬ್ಬನು ಮಾಡಿದಂತೆ ತಾನೂ ಮಾಡುವುದು. 'ಅನುಕಂಪ'ವೆಂದರೆ ಒಬ್ಬನು ನಡುಗಿದಾಗ ತಾನೂ ನಡುಗುವುದು. ಮೊದಲನೆಯದನ್ನು ಎಲ್ಲರಿಂದಲೂ ಅಪೇಕ್ಷಿಸಲಾಗದು. ಎಲ್ಲರಿಗೂ ಕೋಟೆಯಿಲ್ಲ, ಕತ್ತಿಯಿಲ್ಲ. ಎರಡನೆಯದು ಬಡವನಿಗೂ ಬಾಲಕನಿಗೂ ಸಾಧ್ಯ. ಬರಿಯ ಅನುಕಂಪವು ಮನುಷ್ಯನನ್ನು ನಿಷ್ಕ್ರಿಯನನ್ನಾಗಿ ಮಾಡಲಾರದೆ? ಎಂದು ಕೆಲವರು ಕೇಳಬಹುದು. ನನಗೆ ಹಾಗೆ ತೋರುವುದಿಲ್ಲ. ಪರರ ಕಷ್ಟವನ್ನು ನಿಜವಾಗಿ ಕಂಡವನು ತನ್ನ ಕಷ್ಟದಲ್ಲಿ ತಾನು ಒಂಟಿಯಲ್ಲವೆಂದು ತಿಳಿಯುತ್ತಾನೆ. ಧೈರ್ಯವು ಹುಟ್ಟುವುದು ಅಲ್ಲಿಂದಲೇ. ಹಿರಿಯರ ಚರಿತ್ರೆಯನ್ನು ಬೆತ್ತವನ್ನಾಗಿ ಹಿಡಿದರೆ ಹುಟ್ಟುವುದು ನಾಚಿಕೆಯೊಂದೇ.

ದುಡಿಮೆಯನ್ನರಸಿ ದೂರದ ಊರಿಗೆ ಹೋದ ಆ ಬಾಲಕನ ತಂದೆಯು ಮರಳದೆ ವರ್ಷವಾಗಿತ್ತೆಂದು ಆಮೇಲೆ ತಿಳಿಯಿತು. ಬರೆಯಲಿಲ್ಲವೆಂದು ಹಿಂದಿನ ದಿನವೇ ನಾನು ಅವನನ್ನು ಬಾಗಿಲಲ್ಲಿ ನಿಲ್ಲಿಸಿದ್ದೆನು. ಸುರಪುರದ ಬೆಟ್ಟದ ಮೇಲಿನ ಟೇಲರ್ ಮಂಜಿಲನ್ನು ಕಂಡಾಗಲೆಲ್ಲ ನನಗೆ ಅರಸನಿಗಿಂತ ಮೊದಲು ಆ ಬಾಲಕನ ನೆನಪಾಗುತ್ತದೆ. ಗತಿಸಿದವರ ಚರಿತ್ರೆಯನ್ನು ಬಾಯಿಪಾಠವಾಗಿ ಬಲ್ಲ ನಾನು, ಎದುರಿಗೆ ಕುಳಿತವನ ಚರಿತ್ರೆಯನ್ನು ಕೇಳಿರಲಿಲ್ಲ.